ಅಡ್ಡ ಹಿಡಿದ ಕೈ

"ಆಯಿ, ನೀ ಇಲ್ಲೇ ನಿಂತು ಹೇಳು, ಮ್ಯಾಲ ಬ್ಯಾಡ," ಎಂದು ಕಾಶೀನಾಥಗೌಡ ಹುಡೆಯ ಬಾಗಿಲಿಗೆ ಕೈ ಅಡ್ಡ ಹಿಡಿದ. ರಜಾಕಾರರು ಮುತ್ತಿಗೆ ಹಾಕಿದ್ದಾಗ ಮೂರು ದಿನ ಇಡೀ ಊರೇ ಅಡಗಿದ್ದ ಕಾವಲುಗೋಪುರ ಅದು. ಅಂದು ಒಳಗಿದ್ದವರಲ್ಲಿ ಈಗ ಉಳಿದವಳು ದಲಿತ ಕೇರಿಯ ಹಣಮವ್ವ ಒಬ್ಬಳೇ. ಸೇಡಂನಿಂದ ಬಂದ ಓದುಬಳಗದ ಹುಡುಗಿಯರಿಗೆ ಗುಂಡು ತಾಗಿದ ಗೋಡೆಗಳನ್ನೆಲ್ಲ ತೋರಿಸಿ, ತನ್ನವ್ವ ನಿಂತು ಕವಣೆ ಬೀಸಿದ ಹುಡೆಯ ಮೇಲಿನ ಕಿಂಡಿಯನ್ನು ಕೊನೆಗೆ ಉಳಿಸಿಕೊಂಡಿದ್ದಳು. ಮುತ್ತಿಗೆ ತೆರವಾದ ಮರುದಿನವೇ ಕಾಶೀನಾಥನ ಅಜ್ಜ, ಅಂದಿನ ಗೌಡರು, ಹುಡೆ ತೊಳೆಸಿ ಕೇರಿಯವರಿಗೆ ಬಾಗಿಲು ಮುಚ್ಚಿದ್ದರು. ಆ ಕಿಂಡಿಯನ್ನು ಆಕೆ ಮತ್ತೆ ಕಂಡಿರಲಿಲ್ಲ.

ಹಣಮವ್ವ ಬೊಚ್ಚುಬಾಯಿ ತೆರೆದು ನಕ್ಕಳು. "ಒಳಗ ಕತ್ತಲಿ ಇತ್ತು ತಮ್ಮಾ, ಎಲ್ಲಾರ ಕೊಡ ಅದಲಿಬದಲಿ ಆಗಿದ್ವು. ಮೂರು ದಿನ ನಿಮ್ಮ ಮುತ್ಯಾ ನಮ್ಮ ಕೊಡದ ನೀರೇ ಕುಡಿದ. ಹುಡೆ ತೊಳೆಸಿದ ಖರೆ, ಹೊಟ್ಟಿ ಹೆಂಗ ತೊಳಕೊಂಡ, ಕೇಳಿದ್ಯೇನು?"

ಹುಡುಗಿಯರು ಹೋ ಎಂದು ನಕ್ಕರು. ಕಾಶೀನಾಥನಿಗೂ ನಗು ತಡೆಯಲಾಗಲಿಲ್ಲ, ಮೀಸೆ ಕುಣಿಯಿತು. ಅಷ್ಟರಲ್ಲಿ ಹಣಮವ್ವ ಅವನ ಅಡ್ಡಗೈಯನ್ನೇ ಗಟ್ಟಿಯಾಗಿ ಹಿಡಿದು ಮೊದಲ ಮೆಟ್ಟಿಲೇರಿದಳು.

"ಹಿಂಗೇ ಹಿಡಕೊಂಡು ಬಾ, ಮೆಟ್ಟಲ ಭಾಳ ಎತ್ತರ ಅದಾವ," ಎಂದಳು. ಕೈ ಕೊಸರಿಕೊಳ್ಳದೆ ಅವನೂ ಹತ್ತಿದ.