ಈಶಾನ್ಯದ ನೀರು

ಮನೆ ಕಟ್ಟಿ ನೋಡು, ಬಚ್ಚಲಿಗೆ ನೀರು ಹೊಯ್ದು ನೋಡು ಎಂದು ಹಿರಿಯರು ಹೇಳಿದ್ದಾರೆ. ಹೇಳಿರದಿದ್ದರೆ ಅದು ಅವರ ತಪ್ಪು. ಈ ಸಂಗತಿ ಮಾತ್ರ ಖರೆ.

ಬೆಟಗೇರಿಯ ಸೀರೆ-ಧೋತರದ ವ್ಯಾಪಾರಿ ಕೊಟ್ರಪ್ಪ ಅಗೆದು ಹಾಕಿದ್ದ ಬಚ್ಚಲಿನ ನಡುವೆ ನಿಂತು ಒಂದು ಮೂಲೆಗೆ ಬೆರಳು ತೋರಿಸಿದ. "ಇದು ಈಶಾನ್ಯ. ನೀರು ಈ ಕಡೆನ ಹರೀಬೇಕು. ವಾಸ್ತು ನೋಡಿ ಡೋಣಿ ಶಾಸ್ತ್ರಿಗೋಳು ಹೇಳ್ಯಾರ."

ಗೌಂಡಿ ಮಾಶಾಕ ತಲೆ ಕೆರೆದುಕೊಂಡ. "ಅಲ್ಲಿ ಬಾಗಲಾ ಐತ್ರಿ ಸಾವ್ಕಾರ್ರ. ನೀರು ಸೀದಾ ಖೋಲಿಯೊಳಗ ಬರ್ತೈತಿ."

"ಬಾಗಲದಾಗ ಒಂದು ಕಟ್ಟಿ ಕಟ್ಟು. ಹೆಂಗ ಬರ್ತೈತಿ ನೋಡೂಣು."

"ಅವ್ವ ಎಡವಿ ಬಿದ್ದದ್ದು ಅಂಥಾ ಕಟ್ಟಿಗೇ ಅಲ್ಲೇನಣ್ಣಾ?" ಎಂದ ತಮ್ಮ ವೀರು. "ವಾಸ್ತು ನೋಡಿದ್ದಾತು, ಒಂಚೂರು ವಾಸ್ತವಾನೂ ನೋಡು."

"ನಿನ್ನ ಮಾತಿನ ಚಮತ್ಕಾರ ಕಾಲೇಜಿನಾಗ ಇಟ್ಟು ಬಾ. ಮನಿಗೆ ಹಿರ್ಯಾ ನಾನೋ ನೀನೋ?"

ತೊಡೆಯ ಎಲುಬು ಮುರಿದ ಮೇಲೆ ತಾಯಿ ಕಸ್ತೂರೆವ್ವನಿಗೆ ಕೊಟ್ರಪ್ಪನ ಹೆಂಡತಿ ಸುನಿತಾ ಮೈ ತೊಳೆಸುತ್ತಿದ್ದಳು. ಆಗೆಲ್ಲ ಮುದುಕಿ ಗೋಡೆಯ ಕಡೆ ಮುಖ ತಿರುಗಿಸಿಕೊಳ್ಳುತ್ತಿದ್ದಳು. ವಾಕರ್ ಹಿಡಿದು ತಾನೇ ಒಳಗೆ ಹೋಗುವಂತಾಗಲಿ ಎಂದೇ ಹಳೆಯ ಕಟ್ಟೆ ಒಡೆದು, ಖೋಲಿಯ ನೆಲಕ್ಕೆ ಸಮನಾಗಿ ಟೈಲ್ಸ್ ಹಾಕಿಸುವ ವಿಚಾರ ಬಂದದ್ದು. ಹಾಗಾಗಬೇಕಾದರೆ ಇಳಿಜಾರು ಬಾಗಿಲಿಗೆ ಬೆನ್ನು ಹಾಕಿ, ಪಶ್ಚಿಮದ ಗೋಡೆಯ ಬುಡಕ್ಕೆ ಹೋಗಬೇಕು.

ಕಸ್ತೂರೆವ್ವ ಮಂಚದ ಮೇಲಿಂದಲೇ ಅಂದಳು: "ಯಾವ ದಿಕ್ಕಿಗಾದ್ರೂ ಬಿಡ್ರೆಪಾ. ಬಾಗಲಾ ಹಾಕ್ಕೊಂಡು ಒಮ್ಮೆ ಒಬ್ಬಾಕಿನ ಜಳಕಾ ಮಾಡಿದ್ರ ಸಾಕು ನನಗ."

"ನಾಳೆ ಮಧ್ಯಾನ್ನ ಸಿಮೆಂಟ್ ಕಲಸ್ತೀನ್ರಿ," ಎಂದ ಮಾಶಾಕ. "ಅಷ್ಟರೊಳಗ ಒಂದು ದಿಕ್ಕು ಹೇಳ್ರಿ."

ವೀರುವಿನ ಗಂಟಲಲ್ಲಿ ಗದಗ ಬಸ್‌ಸ್ಟ್ಯಾಂಡಿನ ಕಂಡಕ್ಟರನಿಂದ ಬಿಂಕದಕಟ್ಟಿ ಮೃಗಾಲಯದ ನವಿಲಿನವರೆಗೆ ಎಲ್ಲರೂ ವಾಸವಾಗಿದ್ದರು. ಮಾತಿನ ನಡುವೆ ನಸ್ಯ ಏರಿಸುವ ಡೋಣಿ ಶಾಸ್ತ್ರಿಗಳಿಗೂ ಅಲ್ಲಿ ಜಾಗವಿತ್ತು. ಮರುದಿನ ಮುಂಜಾನೆ ಅಂಗಡಿಯಲ್ಲಿ ಕೊಟ್ರಪ್ಪನ ಮೊಬೈಲ್ ರಿಂಗಾಯಿತು. ನಂಬರ್ ಗುರುತಿನದಲ್ಲ.

"ಕೊಟ್ರಪ್ಪಾ, ಶಿಷ್ಯನ ಫೋನಿನಿಂದ ಮಾತಾಡ್ಲಿಕ್ಕತ್ತೇನಿ." ಸುರ್ ಎಂದು ನಸ್ಯದ ಸದ್ದು. "ಈಶಾನ್ಯ ಅಂದಿದ್ದೆ. ಮತ್ತೊಮ್ಮೆ ವಿಚಾರ ಮಾಡಿದೆ. ತಾಯಿ ಕಾಲಿಗೆ ಅಡ್ಡ ಬರೂ ದಿಕ್ಕು ದಿಕ್ಕೇ ಅಲ್ಲ. ನೀರು ಪಶ್ಚಿಮಕ್ಕ ಬಿಡು." ಒಂದು ದೊಡ್ಡ ಸೀನು.

ಕೊಟ್ರಪ್ಪ ಒಮ್ಮೆ ಕಣ್ಣೆತ್ತಿ ಗಿರಾಕಿಗಳ ಕಡೆ ನೋಡಿದ. ಆಮೇಲೆ ಬಹಳ ವಿನಯದಿಂದ ಹೇಳಿದ. "ಆಗ್ಲಿ ಬಿಡ್ರಿ ಅಜ್ಜಾರ. ತಾವ ಹೇಳಿದ ಮ್ಯಾಲೆ ಮುಗೀತು."

ಟೈಲ್ಸ್ ಕೂತು, ಒಣಗಿದ ದಿನ ಕೊಟ್ರಪ್ಪ ತಾನೇ ಒಂದು ಕೊಡ ನೀರಿಗೆ ಅರಿಶಿನ ಕದಡಿ ಬಾಗಿಲಲ್ಲಿ ಸುರಿದ. ಹಳದಿ ನೀರು ಒಂದು ಕ್ಷಣ ಯೋಚಿಸಿದಂತೆ ನಿಂತು, ಪಶ್ಚಿಮದ ಗೋಡೆಯತ್ತ ನಡೆದು ಮೋರಿಯ ಜಾಲರಿಯೊಳಗೆ ಇಳಿಯಿತು. ಖೋಲಿಗೆ ಒಂದು ಹನಿಯೂ ಬರಲಿಲ್ಲ. ಅದರ ಹಿಂದೆಯೇ ಕಸ್ತೂರೆವ್ವನ ವಾಕರ್ ಒಳಗೆ ಹೋಯಿತು. ಜೊತೆಗೆ ಹೊರಟ ಸುನಿತಾಳನ್ನು ಮುದುಕಿ ಕೈಸನ್ನೆಯಲ್ಲೇ ನಿಲ್ಲಿಸಿದಳು. ಬಾಗಿಲು ಮುಚ್ಚಿತು. ಒಳಗೆ ಚಿಲಕ ಬಿತ್ತು.

ವೀರುವಿಗೆ ಇನ್ನು ತಡೆಯಲಾಗಲಿಲ್ಲ. "ಕೊಟ್ರಪ್ಪಾ, ತಾಯಿ ಕಾಲಿಗೆ ಅಡ್ಡ ಬರೂ ದಿಕ್ಕು ದಿಕ್ಕೇ ಅಲ್ಲ," ಎಂದು ಶಾಸ್ತ್ರಿಗಳ ದನಿಯಲ್ಲೇ ಹೇಳಿ, ಸುರ್ ಎಂದು ಮೂಗು ಏರಿಸಿದ. ಮಾಶಾಕ ಕಿಸಕ್ಕನೆ ನಕ್ಕು, ಸಾವ್ಕಾರನ ಮುಖ ನೋಡಿ ಬಾಯಿಗೆ ಕೈ ಅಡ್ಡ ಹಿಡಿದ. ಸುನಿತಾ ಗಂಡನ ಕೈಲಿದ್ದ ಖಾಲಿ ಕೊಡವನ್ನು ಮೆಲ್ಲಗೆ ಇಸಿದುಕೊಂಡಳು.

ಕೊಟ್ರಪ್ಪನ ಮೀಸೆ ಅಲುಗಿತು. ಆಮೇಲೆ ಹೊಟ್ಟೆ. "ಲೇ ಮಂಗ್ಯಾ! ನಿನ್ನ ಫೋನು ಬಂದಾಗ ಖರೆ ಶಾಸ್ತ್ರಿಗೋಳು ಅಂಗಡ್ಯಾಗ ನನ್ನ ಎದುರಿಗೇ ಧೋತರ ಆರಿಸ್ಕೋತ ಕುಂತಿದ್ರಲೇ!"

ವೀರುವಿನ ಮೂಗು ಏರಿದಲ್ಲೇ ನಿಂತಿತು. "ಮತ್ತ... ಅವರನ್ನ ಕೇಳಲಿಲ್ಲೇನು?"

"ಕೇಳಿದೆ. ಈಶಾನ್ಯನ ಅಂದ್ರು!"

ಒಳಗೆ ತಂಬಿಗೆಯಿಂದ ಬೀಳುತ್ತಿದ್ದ ನೀರಿನ ಸದ್ದೂ ಕೇಳಿಸದಂತೆ ಕೊಟ್ರಪ್ಪ ಗೋಡೆ ಹಿಡಿದುಕೊಂಡು ನಗುತ್ತಲೇ ಇದ್ದ.