ರಾಹುಕಾಲ ಕಳೆಯಲಿ

ಎಂಜಿನ್ ತಣ್ಣಗಿದ್ದರೆ ಆ ಹಳೆಯ ಚಿಕ್ಕ ಕಾರು ಸುಲಭಕ್ಕೆ ಸ್ಟಾರ್ಟ್ ಆಗುತ್ತಿರಲಿಲ್ಲ. ಅದಕ್ಕೇ ಸೋಮವಾರ ಸಂಜೆ, ಕೊಳ್ಳುವವರು ಬರುವ ಮುಂಚೆಯೇ, ನಿವೃತ್ತ ಮೇಷ್ಟ್ರು ದೊರೆಸ್ವಾಮಿ ಅದನ್ನು ಊರೆಲ್ಲ ಸುತ್ತಿಸಿ ತಂದು ಅಂಗಳದಲ್ಲಿ ನಿಲ್ಲಿಸಿದ್ದರು.

ಬಂದವಳು ಅವರ ಹಳೆಯ ವಿದ್ಯಾರ್ಥಿನಿ. ಬಾನೆಟ್ ಮುಟ್ಟಿ ಕಣ್ಣಿಗೊತ್ತಿಕೊಂಡಳು. ಕೀ ಇಸಿದುಕೊಂಡು ಒಳಗೆ ಕೂತವಳು ತಿರುಗಿಸುವ ಮುನ್ನ ಕೈ ಹಿಂದೆಗೆದಳು.

"ಅಯ್ಯೋ ಮೇಷ್ಟ್ರೇ, ಈಗ ರಾಹುಕಾಲ. ಕಳೆದ ಮೇಲೆ ಸ್ಟಾರ್ಟ್ ಮಾಡ್ತೀನಿ."

"ಬರೀ ನೋಡೋಕೆ ಎಂಥ ರಾಹುಕಾಲಮ್ಮ?"

"ಬೇಡ ಮೇಷ್ಟ್ರೇ. ನಮ್ಮನೇಗೆ ಇದೇ ಮೊದಲನೇ ಕಾರು."

ಜಗಲಿಯಲ್ಲಿ ಕೂತು ಕಾಫಿ ಕುಡಿದರು. ಕೀ ಅವಳ ಮಡಿಲಲ್ಲೇ ಇತ್ತು.

"ಅಮ್ಮನ್ನ ಬೆಳಗಿನ ಜಾವ ಡಯಾಲಿಸಿಸ್‌ಗೆ ಕರ್ಕೊಂಡು ಹೋಗ್ಬೇಕು. ಆ ಹೊತ್ತಲ್ಲಿ ಆಟೋ ಸಿಗಲ್ಲ. ಮೆಕ್ಯಾನಿಕ್‌ಗೆ ತೋರಿಸಿ ತಗೋ ಅಂದ್ರು ಎಲ್ರೂ. ಮೇಷ್ಟ್ರ ಕಾರು ಅಲ್ವಾ, ಯಾಕೆ ಅಂದೆ." ಅವಳು ನಕ್ಕಳು. "ಹೋಮ್‌ವರ್ಕ್ ಮಾಡಿಲ್ಲ ಅಂದ್ರೆ ಬಿಡ್ತಿದ್ರಿ. ಸುಳ್ಳು ಹೇಳಿದ್ರೆ ಬೆಂಚಿನ ಮೇಲೆ ನಿಲ್ಲಿಸ್ತಿದ್ರಿ."

ದೊರೆಸ್ವಾಮಿ ಕಾಫಿ ಲೋಟ ಕೆಳಗಿಟ್ಟರು. ಅವಳ ಮುಖ ನೋಡಲಾಗದೆ ಕಾರಿನ ಕಡೆ ನೋಡಿದರು. ಗೋಡೆಯ ನೆರಳು ಬಾನೆಟ್ಟನ್ನು ಪೂರ್ತಿ ಮುಚ್ಚಿತ್ತು. ಎದ್ದು ನಿಂತುಬಿಟ್ಟರು.

"ತಗೋಬೇಡಮ್ಮ. ಬೆಳಗಿನ ಜಾವ ಅದು ಸ್ಟಾರ್ಟೇ ಆಗಲ್ಲ. ನೀನು ಬರ್ತೀಯ ಅಂತ ನಾನೇ ಓಡಿಸಿ ಬಿಸಿ ಮಾಡಿಟ್ಟಿದ್ದೆ."

ಅವಳು ಕೀಯನ್ನು ಕಾಫಿ ಲೋಟದ ಪಕ್ಕ ಮೆಲ್ಲಗೆ ಇಟ್ಟಳು.

"ಬಾನೆಟ್ ಮುಟ್ಟಿದಾಗ್ಲೇ ಗೊತ್ತಾಯ್ತು ಮೇಷ್ಟ್ರೇ. ಇವತ್ತಿನ ರಾಹುಕಾಲ ಬೆಳಿಗ್ಗೇನೇ ಮುಗಿದಿದೆ."