ಮಾಸ್ತರರು ತಿದ್ದದ ಕಥೆ

ಮಾಸ್ತರರನ್ನು ಹತ್ತಿ ತುಂಬಿ ಹೊಲಿದ ಅಂಡಿಗೆಯ ಮೇಲೆ ಕೂರಿಸಿ, ಕೈಗೆ ಪೆನ್ನು ಕೊಟ್ಟು, ಹೊರಗಿನಿಂದ ಚಿಲಕ ಹಾಕಿದ ಮೇಲೆ ತಿರಕಪ್ಪನಿಗೆ ಗೊತ್ತಾಯಿತು: ಕದ್ದ ಮಾಲು ಕಾಯುವುದು ಸುಲಭ, ಕದ್ದ ಸಾಹಿತಿಯನ್ನು ಕಾಯುವುದು ಕಷ್ಟ.

ಮಾಲು ಚಹಾ ಕೇಳುವುದಿಲ್ಲ. ಮಡಿವಾಳೆಪ್ಪ ಮಾಸ್ತರರು ಆಗಲೇ ಮೂರು ಸಲ ಕೇಳಿದ್ದರು. ಬರೆದದ್ದು ಮಾತ್ರ ಒಂದಕ್ಷರವೂ ಇಲ್ಲ.

ತಪ್ಪೆಲ್ಲ ಮಾಸ್ತರರದೇ ಎಂಬುದರಲ್ಲಿ ತಿರಕಪ್ಪನಿಗೆ ಸಂಶಯವಿರಲಿಲ್ಲ. ಮೊರಬದ ಹುಡುಗಿಯರ ಶಾಲೆಯಲ್ಲಿ ಮೂವತ್ತು ವರ್ಷ ಅಕ್ಷರ ಕಲಿಸಿ, ನಿವೃತ್ತಿಯಾಗಿ, ಸುಮ್ಮನೆ ಕೂರಬೇಕಾದ ಮನುಷ್ಯ. ಕೂರಲಿಲ್ಲ. ಎಂಬತ್ತಾರನೆಯ ಇಸವಿಯ ಹತ್ತಿ ಸುಗ್ಗಿ ಶುರುವಾದಾಗಿನಿಂದ ಹುಬ್ಬಳ್ಳಿಯ ವಾರಪತ್ರಿಕೆಯೊಂದರಲ್ಲಿ ಅವರ ಹೆಸರಿನಲ್ಲಿ ಧಾರಾವಾಹಿ ಬರುತ್ತಿತ್ತು. ನವಲಗುಂದದ ರಸ್ತೆಯಲ್ಲಿ ಲಾರಿ ತಡೆದು ಹತ್ತಿ ಕದಿಯುವ ಮೂವರು ಕಳ್ಳರ ಕಥೆ. ನವಲಗುಂದದ ರಸ್ತೆಯಲ್ಲಿ ಲಾರಿ ತಡೆದು ಹತ್ತಿ ಕದಿಯುವವರು ಮೂವರೇ ಇದ್ದರು: ತಿರಕಪ್ಪ, ಹೊಳೆಯಪ್ಪ, ಮುದಕಪ್ಪ.

ಕಥೆಯಲ್ಲಿ ಊರಿನ ಹೆಸರು ಬೇರೆ, ಕಳ್ಳರ ಹೆಸರು ಬೇರೆ. ಉಳಿದದ್ದೆಲ್ಲ ಇದ್ದದ್ದು ಇದ್ದ ಹಾಗೆ. ನಾಯಿ ಬೊಗಳಿದ್ದಕ್ಕೆ ನಾಯಕ ಜಾಲಿಕಂಟಿಯೊಳಗೆ ಹಾರಿದ್ದು, ಮುಳ್ಳು ಕೀಳಿಸಿಕೊಳ್ಳುತ್ತ ಎರಡು ದಿನ ಬೋರಲು ಮಲಗಿದ್ದು. ಆ ಸಂಚಿಕೆ ಬಂದ ವಾರ ಚಹಾದಂಗಡಿಯಲ್ಲಿ ತಿರಕಪ್ಪನ ಬಾಜು ಕೂತವರೇ ಅದನ್ನು ಓದಿ ನಕ್ಕಿದ್ದರು. ಅವನೂ ನಗಬೇಕಾಯಿತು.

ಮೂವರಲ್ಲಿ ಓದು ಬರುತ್ತಿದ್ದದ್ದು ಮುದಕಪ್ಪನಿಗೊಬ್ಬನಿಗೆ. ಶುಕ್ರವಾರ ಊಟದ ಹೊತ್ತಿಗೆ ಅವನು ಗಟ್ಟಿಯಾಗಿ ಓದುವನು. ತಿರಕಪ್ಪನ ಹೆಂಡತಿ, ಮೊರಬದಲ್ಲೇ ಹುಟ್ಟಿ ಬೆಳೆದ ದುರ್ಗವ್ವ, ರೊಟ್ಟಿ ಬಡಿಯುತ್ತ ಕೇಳುವಳು. ಒಮ್ಮೆ ಅಚ್ಚು ಅಳಿಸಿದ ಕಡೆ ಅವನು ತಡವರಿಸಿದಾಗ ಅವಳೇ, “ಅಂಜುಬುರುಕ ಅಂತಿರಬೇಕು ನೋಡು,” ಎಂದಳು. ಸರಿಹೊಂದಿತು. ಒಲೆಯ ಮುಂದೆ ಕೂತವಳಿಗೂ ಈ ಕಥೆ ಹಿಡಿಸಿದೆಯೆಂದು ತಿರಕಪ್ಪನಿಗೆ ಇನ್ನಷ್ಟು ಸಿಟ್ಟು ಬಂತು.

ಒಳಗಿನವರೇ ಯಾರೋ ಬಾಯಿ ಬಿಟ್ಟಿದ್ದರು. ಹೊಳೆಯಪ್ಪ ನೇರವಾಗಿ ಮುದಕಪ್ಪನತ್ತ ಬೆರಳು ಮಾಡಿದ. “ಕಥೀಯೊಳಗ ಉಂಡ ತಾಟು ತಾನಽ ತೊಳಿಯಾಂವ ಒಬ್ಬಾಂವಽ ಛಲೋ ಮನಷ್ಯಾ. ಉಳದವ್ರೆಲ್ಲಾ ಹೊಲಸರು. ನಮ್ಮಾಗ ತಾಟು ತೊಳಿಯಾಂವ ಯಾರು?”

ಮುದಕಪ್ಪನಿಗೆ ಏಟು ಬಿದ್ದವು. ಅತ್ತ, ಆದರೆ ಒಪ್ಪಲಿಲ್ಲ. ಹೀಗಾಗಿ ಶನಿವಾರ ಮಾಸ್ತರರನ್ನೇ ಎತ್ತಿ ತಂದು ತಿರಕಪ್ಪನ ಹೊಲದ ಮನೆಯ ಕೋಣೆಯಲ್ಲಿ ಕೂಡಿಹಾಕಿದರು. ಮಾಸ್ತರರು ಬಮ್ಮಿಗಟ್ಟಿಯಲ್ಲಿರುವ ಮಗಳ ಮನೆಗೆ ಹೋಗಿದ್ದಾರೆಂದು ಊರಲ್ಲಿ ಸುದ್ದಿ ಹಬ್ಬಿಸಿದರು.

“ಇಷ್ಟಽ ಕೆಲಸ್ರಿ, ಮಾಸ್ತರ,” ತಿರಕಪ್ಪ ವಿನಯದಿಂದಲೇ ಹೇಳಿದ. “ಮುಂದಿನ ವಾರದ್ದು ಇಲ್ಲೇ ಬರೀರಿ. ನಾಯಕ ನಾಯಿಗೆ ಅಂಜಿದ್ದಿಲ್ಲ, ನಾಯಿನಽ ಅವಗ ಅಂಜಿತ್ತು ಅಂತ. ಕಡೀಕ ಮೂವರೂ ಪಾರಾದ್ರು ಅಂತ. ಇಲ್ಲಾಂದ್ರ ನಿಮ್ಮ ಬಲಗೈ ಮುರೀಬೇಕಾಕ್ಕೈತ್ರಿ.”

“ಮುರಿ.” ಮಾಸ್ತರರು ಕೈಯನ್ನು ಮುಂದಕ್ಕೆ ಚಾಚಿದರು. “ಮೂವತ್ತು ವರ್ಷ ತಪ್ಪು ತಿದ್ದೇನಿ, ತಿರಕಪ್ಪಾ. ಸರಿ ಇದ್ದದ್ದನ್ನ ತಿದ್ದಿದಾಂವ ಅಲ್ಲ ನಾ.”

“ಇದನ್ನೆಲ್ಲಾ ನಿಮಗ ಯಾರು ಹೇಳಿದ್ರು?”

“ನನಗ ಬಂದು ಹೇಳಿದ ಗಂಡಸು ಒಬ್ಬನೂ ಇಲ್ಲ.”

ಬಲಗೈ ಮುರಿದರೆ ಬರೆಯುವುದು ಹೇಗೆ ಎಂದು ಹೊಳೆಯಪ್ಪ ಕೇಳಿದ. ಹಾಗಾದರೆ ಎಡಗೈ ಎಂದು ಮಾತು ನಡೆದಿತ್ತು. ಅಷ್ಟರಲ್ಲಿ ದುರ್ಗವ್ವ ರೊಟ್ಟಿ, ಪುಂಡಿಪಲ್ಯೆ ಹಿಡಿದು ಬಂದಳು.

“ಮದ್ಲ ಉಣ್ಣಲಿ. ಸರೀರಿ,” ಎಂದು ಗಂಡಸರನ್ನು ಬಾಗಿಲಿನಿಂದ ಸರಿಸಿದಳು. ತಾಟು ಇಟ್ಟು ಕೇಳಿದಳು: “ಅಂಜಿಕಿ ಬರ್ತೈತೇನ್ರಿ, ಮಾಸ್ತರ?”

“ನನಗಿಲ್ಲವಾ. ನೀನೂ ಅಂಜಬ್ಯಾಡ. ನನ್ನ ಸಲುವಾಗಿ ಯಾವ ಕೆಲಸಾನೂ ನಿಲ್ಲೂದು ಬ್ಯಾಡ.”

ಸೆರೆ ಸಿಕ್ಕವನೇ ಮನೆಯವಳಿಗೆ ಧೈರ್ಯ ಹೇಳುವುದನ್ನು ಕಂಡು ತಿರಕಪ್ಪನಿಗೆ ಒಳಗೊಳಗೇ ಮೆಚ್ಚುಗೆಯಾಯಿತು.

ರವಿವಾರ ಹೋಯಿತು, ಸೋಮವಾರ ಹೋಯಿತು. ಮಾಸ್ತರರು ಹಾಳೆಯ ಮೇಲೆ ಪೆನ್ನು ಊರಲಿಲ್ಲ. ಮಂಗಳವಾರ ದುರ್ಗವ್ವ, ಕಣ್ಣು ಉರಿಯುತ್ತಿವೆ, ಹುಬ್ಬಳ್ಳಿಯ ದವಾಖಾನೆಗೆ ಹೋಗಿ ಬರುತ್ತೇನೆ ಎಂದಳು. ನಿಜಕ್ಕೂ ಕೆಂಪಗಾಗಿದ್ದವು. ಒಲೆಯ ಹೊಗೆ ಇರಬೇಕೆಂದು ತಿರಕಪ್ಪನೇ ಬಸ್ಸು ಹತ್ತಿಸಿ ಬಂದ. ಸಂಜೆ ಮರಳಿದಾಗಲೂ ಕಣ್ಣು ಹಾಗೇ ಇದ್ದವು. ಮುಖ ಮಾತ್ರ ಹಗುರಾಗಿತ್ತು.

ಗುರುವಾರ ಅವನ ತಾಳ್ಮೆ ಮುಗಿಯಿತು. ಕುಡಗೋಲು ಹಿಡಿದು ಕೋಣೆಗೆ ಹೋದ.

“ನಾಳೆ ಪತ್ರಿಕಿ ಬರತೈತಿ. ನೀವು ಬರದು ಕಳಿಸಿಲ್ಲ ಅಂದಮ್ಯಾಲೆ ಕಥಿ ಸತ್ತಂಗ. ಅದರ ಸಂಗಾಟ ನೀವೂ.”

“ಕಥಿ ಸತ್ತೈತೋ ಇಲ್ಲೋ, ನಾಳೆ ಓದಿಸಿ ನೋಡು. ಆಮ್ಯಾಲೆ ಬೇಕಾದ್ರ ಕಡಿ.”

ಮಾಸ್ತರರ ದನಿ ನಡುಗಲಿಲ್ಲ. ತಿರಕಪ್ಪ ಕೈ ಇಳಿಸಿದ. ಒಂದು ದಿನಕ್ಕೆ ಕುಡಗೋಲೇನೂ ತುಕ್ಕು ಹಿಡಿಯುವುದಿಲ್ಲ ಎಂದುಕೊಂಡು ಹೊರಗೆ ಬಂದ.

ಶುಕ್ರವಾರ ಮುದಕಪ್ಪ ಪತ್ರಿಕೆ ತಂದು ಬಿಡಿಸಿದ. ಧಾರಾವಾಹಿ ಇತ್ತು. ಎರಡು ಸಾಲು ಓದುವಷ್ಟರಲ್ಲಿ ಅವನ ದನಿ ಇಳಿಯಿತು. ಈ ಸಲ ಯಾವ ಹೆಸರೂ ಬದಲಾಗಿರಲಿಲ್ಲ. ಮೊರಬ ಎಂದೇ ಇತ್ತು, ತಿರಕಪ್ಪ ಎಂದೇ ಇತ್ತು. ಮಾಸ್ತರರು ಅಂಡಿಗೆಯ ಮೇಲೆ ಕೂತಿದ್ದರು, ಬಲಗೈ ಚಾಚಿದ್ದರು. ಕೋಣೆಯ ಬಾಗಿಲು ಯಾವ ದಿಕ್ಕಿಗಿದೆ, ಹೊಲಕ್ಕೆ ಬರಲು ಯಾವ ಹಳ್ಳ ದಾಟಬೇಕು, ಎಲ್ಲ ಇತ್ತು. ಹುಬ್ಬಳ್ಳಿಯಿಂದ ನವಲಗುಂದದವರೆಗೆ ಚಹಾದಂಗಡಿಗಳಲ್ಲಿ ಜನ ಈಗ ಅದನ್ನೇ ಓದುತ್ತಿರಬೇಕು.

ತಿರಕಪ್ಪ ಹೊಳೆಯಪ್ಪನ ಮುಖ ನೋಡಿದ, ಮುದಕಪ್ಪನ ಮುಖ ನೋಡಿದ. “ಮಾಸ್ತರ ಇಲ್ಲೇ ಅದಾರ. ಹಂಗಾದ್ರ ಬರದಾಂವ ಯಾಂವ? ಕೆಳಗ ಹೆಸರು ಇರತೈತಲ್ಲ, ಅದನ್ನ ಓದು.”

ಮುದಕಪ್ಪ ಹಾಳೆಯ ಕೆಳಗೆ ನೋಡಿದ, ಆಮೇಲೆ ಒಲೆಯ ಕಡೆ ನೋಡಿದ. ಹೊರಗೆ ಹಳ್ಳದ ಕಡೆಯಿಂದ ಜೀಪಿನ ಸದ್ದು ಹತ್ತಿರವಾಗುತ್ತಿತ್ತು.

ದುರ್ಗವ್ವ ಕೈಯ ಹಿಟ್ಟು ಒರೆಸಿಕೊಂಡು ಎದ್ದು ನಿಂತಳು. “ಅವಗ್ಯಾಕ ತ್ರಾಸು ಕೊಡ್ತೀರಿ,” ಎಂದಳು. “ನನ್ನ ಹೆಸರು ನಾನಽ ಹೇಳ್ತೇನಿ.”